ಪೋಲೆಂಡಿನ ಹಾಡುವ ನಾಯಕ ಬೋದೊ: ಬದುಕಿದ್ದು ಹೇಗೆ, ಸತ್ತಿದ್ದು ಹೇಗೆ?

ಪ್ರಶ್ನೆ: ಯೂಟ್ಯೂಬಿನಲ್ಲಿ ಹಳೇ ಪೋಲಿಷ್ ಸಿನಿಮಾದ ಒಂದು ಹಾಡು ಸಿಕ್ಕಿತು. ನಾಯಕ ಬಹಳ ಲವಲವಿಕೆಯಿಂದ ಹಾಡುತ್ತಾನೆ. ಹೆಸರು ಎವುಗೇನ್ಯುಶ್ ಬೋದೊ, ವರ್ಷ 1937 ಅಂತ ಇತ್ತು. ಯಾರಿವನು ಅಂತ ಹುಡುಕಿದರೆ ಒಂದು ಕಡೆ ಜರ್ಮನ್ನರು ಕೊಂದರು ಅಂತ ಇದೆ, ಇನ್ನೊಂದು ಕಡೆ ಸೋವಿಯತ್ ಕ್ಯಾಂಪಿನಲ್ಲಿ ಸತ್ತ ಅಂತ ಇದೆ. ಅವನು ಪೋಲಿಷ್ ಅಲ್ಲ, ಸ್ವಿಸ್ ಅಂತಲೂ ಯಾರೋ ಬರೆದಿದ್ದಾರೆ. ಯಾವುದು ನಿಜ? ಅವನ ಸಿನಿಮಾಗಳ ಬಗ್ಗೆಯೂ ಹೇಳಿ.

ಉತ್ತರ: ಮೊದಲು ನೇರವಾಗಿ ಹೇಳಿಬಿಡುತ್ತೇನೆ. ಬೋದೊನನ್ನು ಜರ್ಮನ್ನರು ಕೊಲ್ಲಲಿಲ್ಲ. ಅವನು ಸತ್ತಿದ್ದು 1943ರ ಅಕ್ಟೋಬರ್ 7ರಂದು, ಉತ್ತರ ರಷ್ಯಾದ ಕೋತ್ಲಾಸ್ ಎಂಬ ಊರಿನ ಸೋವಿಯತ್ ಕೈದಿಗಳ ಕ್ಯಾಂಪಿನಲ್ಲಿ, ಹಸಿವು ಮತ್ತು ಕಾಯಿಲೆಯಿಂದ. ಆಗ ಅವನಿಗೆ 43 ವರ್ಷ. ಸ್ವಿಸ್ ಅನ್ನುವ ಮಾತೂ ಸುಳ್ಳಲ್ಲ. ಮನೆ, ಭಾಷೆ, ಕೆಲಸ, ಹೆಸರು ಎಲ್ಲವೂ ಪೋಲೆಂಡಿನವು. ಪಾಸ್‌ಪೋರ್ಟ್ ಮಾತ್ರ ಸ್ವಿಟ್ಜರ್ಲೆಂಡಿನದು. ಜರ್ಮನ್ನರು ಕೊಂದರು ಅನ್ನುವ ಕಥೆ ಎಲ್ಲಿಂದ ಬಂತು ಅನ್ನುವುದಕ್ಕೂ ಕಾರಣವಿದೆ. ಅದಕ್ಕೆ ಬರುವ ಮುಂಚೆ ಅವನ ಅಪ್ಪನಿಂದ ಶುರು ಮಾಡಬೇಕು. ಬೋದೊಗೆ ಸಿನಿಮಾ ಕೊಟ್ಟವನೂ ಅಪ್ಪನೇ, ಆ ಪಾಸ್‌ಪೋರ್ಟ್ ಕೊಟ್ಟವನೂ ಅಪ್ಪನೇ.

ಅಪ್ಪನ ಹೆಸರು ತೆಯೊದೋರ್ ಜ್ಯೂನೊ. ಸ್ವಿಟ್ಜರ್ಲೆಂಡಿನವನು. ಸಿನಿಮಾ ಅನ್ನುವುದು ಇನ್ನೂ ಜಾತ್ರೆಯ ಅಚ್ಚರಿಯಾಗಿದ್ದ ಕಾಲದಲ್ಲಿ ಪ್ರೊಜೆಕ್ಟರ್ ಹೊತ್ತುಕೊಂಡು ಊರೂರು ತಿರುಗಿ ಚಿತ್ರ ತೋರಿಸುತ್ತಿದ್ದ. ಪೋಲಿಷ್ ಹೆಣ್ಣುಮಗಳು ಯಾದ್ವಿಗಾ ದಿಲೆಫ್ಸ್ಕಾಳನ್ನು ಮದುವೆಯಾದ. ಮಗ ಹುಟ್ಟಿದ್ದು 1899ರ ಡಿಸೆಂಬರ್ 28ರಂದು. ಹುಟ್ಟೂರು ಜಿನೀವಾ ಎಂದೇ ಸಾಮಾನ್ಯವಾಗಿ ಬರೆಯುತ್ತಾರೆ. ಹುಡುಗನಿಗೆ ಬೊಹ್ದಾನ್ ಎವುಗೇನ್ಯುಶ್ ಅಂತ ಹೆಸರಿಟ್ಟರು. ಮುಂದೆ ನಾಟಕಕ್ಕೆ ಬಂದಾಗ ತನ್ನ ಹೆಸರು ಬೊಹ್ದಾನ್‌ನಿಂದ 'ಬೋ', ಅಮ್ಮನ ಇನ್ನೊಂದು ಹೆಸರು ದೊರೋತಾದಿಂದ 'ದೊ' ತೆಗೆದುಕೊಂಡು ಬೋದೊ ಆದ.

ಕುಟುಂಬ ನೆಲೆ ನಿಂತಿದ್ದು ವೂಚ್ ನಗರದಲ್ಲಿ. ಆಗ ಪೋಲೆಂಡ್ ಅನ್ನುವ ದೇಶವೇ ನಕ್ಷೆಯಲ್ಲಿ ಇರಲಿಲ್ಲ. ರಷ್ಯಾ, ಪ್ರಷ್ಯಾ (ಮುಂದೆ ಜರ್ಮನಿಯ ಭಾಗ), ಆಸ್ಟ್ರಿಯಾ ಮೂರೂ ಸೇರಿ ಅದನ್ನು ಹಂಚಿಕೊಂಡು ನೂರು ವರ್ಷಕ್ಕಿಂತ ಜಾಸ್ತಿ ಆಗಿತ್ತು. ವೂಚ್ ಇದ್ದದ್ದು ರಷ್ಯಾದ ತ್ಸಾರನ ಪಾಲಿನಲ್ಲಿ. ಬಟ್ಟೆ ಗಿರಣಿಗಳ ಊರು. ಪೋಲರು, ಯಹೂದಿಗಳು, ಜರ್ಮನ್ನರು, ರಷ್ಯನ್ನರು ಎಲ್ಲರೂ ಅಕ್ಕಪಕ್ಕದಲ್ಲೇ ಬದುಕುತ್ತಿದ್ದರು. ದಿನವೆಲ್ಲ ಗಿರಣಿಯಲ್ಲಿ ದುಡಿದವರಿಗೆ ಸಂಜೆ ಕಡಿಮೆ ದುಡ್ಡಿನಲ್ಲಿ ಏನಾದರೂ ಮನರಂಜನೆ ಬೇಕಿತ್ತು. ಹಾಗಾಗಿ ಸಿನಿಮಾ ಅಲ್ಲಿ ಬೇಗ ಬೇರು ಬಿಟ್ಟಿತು. ಜ್ಯೂನೊ 1907ರಲ್ಲಿ ಅಲ್ಲಿ 'ಉರಾನಿಯಾ' ಎಂಬ ಚಿತ್ರಮಂದಿರ ತೆರೆದ. ಸಿನಿಮಾ ಜೊತೆಗೆ ಹಾಡು, ಕುಣಿತ, ಸರ್ಕಸ್ಸಿನಂಥ ಆಟಗಳೂ ಅಲ್ಲಿ ನಡೆಯುತ್ತಿದ್ದವು. ಹುಡುಗ ಬೋದೊ ವೇದಿಕೆ ಹತ್ತಿದ್ದು ಅಲ್ಲೇ. ಟಿಕೆಟ್ ಕೌಂಟರು, ಪರದೆ, ಜನರ ನಗು, ಖಾಲಿ ಕುರ್ಚಿ ಇವನ್ನೆಲ್ಲ ನೋಡುತ್ತಾ ಬೆಳೆದವನು ಅವನು. ಮುಂದೆ ಅವನು ಬರೀ ನಟನಾಗಿ ಉಳಿಯದೆ ನಿರ್ಮಾಪಕನೂ ಆಗಿದ್ದಕ್ಕೆ ಇದೇ ಕಾರಣ ಅಂತ ನಾನು ನಂಬುತ್ತೇನೆ. ಜನ ಯಾವುದಕ್ಕೆ ದುಡ್ಡು ಕೊಡುತ್ತಾರೆ ಅನ್ನುವುದು ಅವನಿಗೆ ಮನೆಯಲ್ಲೇ ಕಲಿತ ಪಾಠ.

ಆ ಹೊತ್ತಿಗೆ ಪೋಲಿಷ್ ಸಿನಿಮಾ ನಡೆಯಲು ಕಲಿಯುತ್ತಿತ್ತು. ಆಂತೊನಿ ಫೆರ್ಟ್ನೆರ್ ಎಂಬ ದುಂಡು ಮೈಯ ಹಾಸ್ಯನಟ 1908ರಲ್ಲಿ 'ಆಂತೊಶ್ ಮೊದಲ ಸಲ ವಾರ್ಸಾದಲ್ಲಿ' ಎಂಬ ಚಿಕ್ಕ ಚಿತ್ರ ಮಾಡಿದ. ಪೋಲಿಷ್ ಕಥಾಚಿತ್ರಗಳ ಲೆಕ್ಕ ಸಾಮಾನ್ಯವಾಗಿ ಅಲ್ಲಿಂದ ಶುರುವಾಗುತ್ತದೆ. ಬೋದೊ ಅದರ ಮುಂದಿನ ತಲೆಮಾರಿನವನು.

1917ರಲ್ಲಿ ಹದಿನೇಳರ ಹುಡುಗ ಮನೆ ಬಿಟ್ಟು ಪೋಜ್ನಾನ್ ನಗರದ ರಂಗಮಂದಿರ ಸೇರಿದ. ಆಮೇಲೆ ಲುಬ್ಲಿನ್. 1918ರ ನವೆಂಬರಿನಲ್ಲಿ ಪೋಲೆಂಡ್ ಮತ್ತೆ ಸ್ವತಂತ್ರ ದೇಶವಾಯಿತು. ರಾಜಧಾನಿ ವಾರ್ಸಾದಲ್ಲಿ ಹೊಸ ಹುರುಪು. 1919ರಲ್ಲಿ ಶುರುವಾದ 'ಕ್ವಿ ಪ್ರೊ ಕ್ವೊ' ಎಂಬ ಕ್ಯಾಬರೆ ಮಂದಿರ ಆ ಹುರುಪಿನ ನಡುಮನೆ. ಕ್ಯಾಬರೆ ಅಂದರೆ ನಮ್ಮ ಹಳೇ ಹಿಂದಿ ಸಿನಿಮಾದ ಕ್ಲಬ್ ಡಾನ್ಸ್ ಅಂದುಕೊಳ್ಳಬೇಡಿ. ಅಲ್ಲಿ ರಾಜಕೀಯ ಚುಚ್ಚುಮಾತು, ಹಾಡು, ಚಿಕ್ಕ ಚಿಕ್ಕ ಪ್ರಹಸನ ಎಲ್ಲವೂ ಇದ್ದವು. ಯೂಲಿಯಾನ್ ತುವಿಮ್ ಅವರಂಥ ದೊಡ್ಡ ಕವಿಗಳು ಅಲ್ಲಿಗೆ ಬರೆಯುತ್ತಿದ್ದರು. ಹಾಂಕಾ ಓರ್ದೊನೂವ್ನಾ ಎಂಬ ಗಾಯಕಿ, ಅಡಾಲ್ಫ್ ದಿಮ್‌ಶಾ ಎಂಬ ಹಾಸ್ಯನಟ ಅಲ್ಲಿ ಬೆಳೆದವರು. ಈ ಇಬ್ಬರ ಹೆಸರು ನೆನಪಿನಲ್ಲಿಡಿ, ಮುಂದೆ ಬೇಕಾಗುತ್ತದೆ. ಬೋದೊ ಇಂಥ ಮಂದಿರಗಳಲ್ಲಿ ಹಾಡಿದ, ಕುಣಿದ, ಪ್ರಹಸನಗಳಲ್ಲಿ ನಟಿಸಿದ. ಗಂಟಲು ಅಷ್ಟೇನೂ ದೊಡ್ಡದಲ್ಲ. ಆದರೆ ಮಾತಾಡುವ ಹಾಗೆ ಹಾಡುವುದು ಅವನಿಗೆ ಒಲಿದಿತ್ತು. ಒಂದೊಂದು ಪದವೂ ಕಡೇ ಸಾಲಿನವರೆಗೆ ಕೇಳಬೇಕು, ಅರ್ಥವಾಗಬೇಕು. ಆ ವೇದಿಕೆಯ ಶಿಸ್ತೇ ಅದು.

ಮೊದಲ ಸಿನಿಮಾ 1925ರ 'ರಿವಾಲೆ'. ನಿರ್ದೇಶಕ ಹೆನ್ರಿಕ್ ಶಾರೊ. ಆಮೇಲೆ ಕೆಲವು ಮೂಕಿ ಚಿತ್ರಗಳು. ಇವುಗಳ ಬಗ್ಗೆ ಜಾಸ್ತಿ ಹೇಳಲು ಸಾಧ್ಯವಿಲ್ಲ, ಏಕೆಂದರೆ ಆ ಕಾಲದ ಪೋಲಿಷ್ ಚಿತ್ರಗಳಲ್ಲಿ ಬಹುಪಾಲು ಉಳಿದೇ ಇಲ್ಲ. ಯುದ್ಧದಲ್ಲಿ ವಾರ್ಸಾ ಸುಟ್ಟುಹೋದಾಗ ರೀಲುಗಳೂ ಸುಟ್ಟುಹೋದವು.

1929ರ ಮೇ ತಿಂಗಳಲ್ಲಿ ಒಂದು ದುರಂತ ನಡೆಯಿತು. ಪೋಜ್ನಾನಿನಲ್ಲಿ ದೊಡ್ಡ ರಾಷ್ಟ್ರೀಯ ಪ್ರದರ್ಶನ ನಡೆಯುತ್ತಿತ್ತು. ಬೋದೊ ಗೆಳೆಯರನ್ನು ಕೂರಿಸಿಕೊಂಡು ರಾತ್ರಿ ಹೊತ್ತು ಕಾರು ಓಡಿಸಿಕೊಂಡು ಅಲ್ಲಿಗೆ ಹೊರಟಿದ್ದ. ವೋವಿಚ್ ಊರಿನ ಹತ್ತಿರ ಕಾರು ಅಪಘಾತಕ್ಕೆ ಸಿಕ್ಕಿತು. ಜೊತೆಗಿದ್ದ ನಟ ವಿತೊಲ್ದ್ ರೋಲಾಂದ್ ಸತ್ತುಹೋದ. ಕೋರ್ಟು ಬೋದೊಗೆ ಆರು ತಿಂಗಳ ಶಿಕ್ಷೆ ವಿಧಿಸಿ, ಅದನ್ನು ಅಮಾನತಿನಲ್ಲಿಟ್ಟಿತು. ಜೈಲಿಗೆ ಹೋಗಬೇಕಾಗಲಿಲ್ಲ. ಆದರೆ ಸ್ಟಿಯರಿಂಗ್ ಅವನ ಕೈಯಲ್ಲೇ ಇತ್ತು ಅನ್ನುವುದನ್ನು ಪತ್ರಿಕೆಗಳೂ ಮರೆಯಲಿಲ್ಲ. ಅವನ ಬಗ್ಗೆ ಅಭಿಮಾನದಿಂದ ಬರೆಯುವವರು ಇದನ್ನು ಒಂದು ಸಾಲಿನಲ್ಲಿ ದಾಟಿಬಿಡುತ್ತಾರೆ. ಹಾಗೆ ಮಾಡಬಾರದು. ಸತ್ತವನೂ ನಟ. ಅವನಿಗೂ ಮುಂದೆ ಒಂದು ಬದುಕಿತ್ತು.

ಮರುವರ್ಷವೇ ಪೋಲಿಷ್ ಸಿನಿಮಾ ಬಾಯಿ ಬಿಟ್ಟಿತು. 1930ರಲ್ಲಿ ಮೊದಲ ಟಾಕಿ ಬಂತು. ಮೂಕಿ ಕಾಲದ ಎಷ್ಟೋ ಸುಂದರ ಮುಖಗಳು ಮೈಕಿನ ಮುಂದೆ ತಡವರಿಸಿದವು. ಕ್ಯಾಬರೆಯಿಂದ ಬಂದವರಿಗೆ ಮಾತ್ರ ಬಾಗಿಲು ಅಗಲವಾಗಿ ತೆರೆಯಿತು. ಹಾಡಲು ಬರುತ್ತದೆ, ಮಾತಿನ ಸಮಯ ಗೊತ್ತು, ಜನರನ್ನು ನಗಿಸಲು ಗೊತ್ತು, ಇನ್ನೇನು ಬೇಕು? ನಮ್ಮಲ್ಲೂ 1930ರ ದಶಕದಲ್ಲಿ ಕಂಪನಿ ನಾಟಕದವರಿಗೆ ಟಾಕಿ ಬಾಗಿಲು ತೆರೆಯಲಿಲ್ವಾ?

ಬೋದೊ ಅಷ್ಟಕ್ಕೇ ನಿಲ್ಲಲಿಲ್ಲ. ನಿರ್ದೇಶಕ ಮಿಹಾವ್ ವಾಶಿನ್‌ಸ್ಕಿ, ನಟ ಆಡಮ್ ಬ್ರೋಜಿಶ್ ಜೊತೆ ಸೇರಿ 'ಬಿ-ಡಬ್ಲ್ಯೂ-ಬಿ' ಎಂಬ ಕಂಪನಿ ಕಟ್ಟಿದ. ಮೂವರ ಹೆಸರಿನ ಮೊದಲ ಅಕ್ಷರಗಳು. 1932ರಲ್ಲಿ ಈ ಮೂವರೂ 'ಗ್ವೋಸ್ ಪುಸ್ತಿನಿ', ಅಂದರೆ ಮರುಭೂಮಿಯ ದನಿ, ಎಂಬ ಚಿತ್ರಕ್ಕೆ ಅಲ್ಜೀರಿಯಾಕ್ಕೆ ಹೋಗಿ ಶೂಟಿಂಗ್ ಮಾಡಿದರು. ಸ್ಟುಡಿಯೋದಲ್ಲಿ ಮರಳು ಸುರಿದು ಮುಗಿಸಬಹುದಿತ್ತು. ನಿಜವಾದ ಸಹಾರಾಕ್ಕೇ ಹೋದರು. ಬೋದೊ ಅದರಲ್ಲಿ ಅರಬ್ ಶೇಖ್. ಕಥೆ ಸಾಮಾನ್ಯ, ಧೈರ್ಯ ಮಾತ್ರ ದೊಡ್ಡದು.

1933ರಲ್ಲಿ ಅವನು ತನ್ನದೇ ಇನ್ನೊಂದು ಕಂಪನಿ ಶುರು ಮಾಡಿದ. ಅದಕ್ಕೆ ಇಟ್ಟ ಹೆಸರು 'ಉರಾನಿಯಾ ಫಿಲ್ಮ್'. ಅಪ್ಪನ ಚಿತ್ರಮಂದಿರದ ಹೆಸರೇ.

ಆ ಕಂಪನಿಯ ಮುಖ್ಯ ಚಿತ್ರಗಳಲ್ಲಿ ಒಂದು 1934ರ 'ಚಾರ್ನಾ ಪೆರ್ವಾ', ಕಪ್ಪು ಮುತ್ತು. ನಾಯಕಿ ರೇರಿ. ನಿಜವಾದ ಹೆಸರು ಆನ್ ಶೆವಾಲಿಯೆ, ಪೆಸಿಫಿಕ್ ಸಾಗರದ ಬೋರಾ ಬೋರಾ ದ್ವೀಪದವಳು. ಜರ್ಮನ್ ನಿರ್ದೇಶಕ ಮುರ್ನೌ 1931ರಲ್ಲಿ ಮಾಡಿದ 'ತಾಬು' ಚಿತ್ರದಿಂದ ಜಗತ್ತಿಗೆಲ್ಲ ಗೊತ್ತಾಗಿದ್ದಳು. ಯುರೋಪಿನ ಪ್ರವಾಸದಲ್ಲಿ ಪೋಲೆಂಡಿಗೆ ಬಂದಾಗ ಬೋದೊ ಅವಳನ್ನು ಪ್ರೀತಿಸಿದ. ಇಬ್ಬರೂ ಸ್ವಲ್ಪ ಕಾಲ ಜೊತೆಯಲ್ಲಿದ್ದರು. ಅವಳಿಗಾಗಿಯೇ ಈ ಚಿತ್ರ. ಪೋಲಿಷ್ ನಾವಿಕನೊಬ್ಬ ತಹಿತಿಯಿಂದ ಹೆಣ್ಣನ್ನು ವಾರ್ಸಾಕ್ಕೆ ಕರೆತರುವ ಕಥೆ. ಇವತ್ತು ನೋಡುವಾಗ ಕಷ್ಟವಾಗುತ್ತದೆ. ನಿನಗಾಗಿ ನಾನು ಬೆಳ್ಳಗಾಗಬೇಕು ಅನ್ನುವ ಅರ್ಥದ ಹಾಡನ್ನು ಅವಳ ಬಾಯಲ್ಲೇ ಹಾಡಿಸಿದ್ದಾರೆ. ಆ ಕಾಲದ ಯುರೋಪಿನ ಮನಸ್ಸು ಅದು. ಅದನ್ನು ಮುಚ್ಚಿಡುವುದು ಬೇಡ. ಆದರೆ ರೇರಿ ಪರದೆಗೆ ಬಂದ ಕೂಡಲೇ ಚಿತ್ರಕ್ಕೆ ಜೀವ ಬರುತ್ತದೆ ಅನ್ನುವುದೂ ನಿಜ. ಅವರ ಸಂಬಂಧ ಉಳಿಯಲಿಲ್ಲ. ಅವಳು ಕೊನೆಗೆ ತನ್ನ ದ್ವೀಪಗಳಿಗೇ ವಾಪಸ್ ಹೋದಳು. 1977ರವರೆಗೆ ಬದುಕಿದ್ದಳು. ಬೋದೊ ಮದುವೆಯೇ ಆಗಲಿಲ್ಲ. ವಾರ್ಸಾದಲ್ಲಿ ಅಮ್ಮನ ಜೊತೆಯಲ್ಲೇ ಇದ್ದ. ಸಾಂಬೊ ಎಂಬ ದೊಡ್ಡ ಗ್ರೇಟ್ ಡೇನ್ ನಾಯಿ ಅವನ ಬೆನ್ನ ಹಿಂದೆಯೇ ಇರುತ್ತಿತ್ತು.

ಈಗ ನೀವು ನೋಡಿದ ಹಾಡಿಗೆ ಬರೋಣ. 1937 ಅಂದಿದ್ದೀರಿ. ಹಾಗಾದರೆ ಅದು ಬಹುಶಃ 'ಪ್ಯೆಂತ್ರೊ ವಿಜೆಯ್' ಚಿತ್ರದ್ದು. ಒಂದು ಮಹಡಿ ಮೇಲೆ ಅಂತ ಅರ್ಥ. ಅದರಲ್ಲಿ ರಾತ್ರಿ ಒಂಬತ್ತಕ್ಕೆ ಅವಳನ್ನು ಭೇಟಿಯಾಗಬೇಕು ಅಂತ ಖುಷಿಯಿಂದ ಹಾಡುವ ಒಂದು ಹಾಡಿದೆ. ಇವತ್ತಿಗೂ ಪೋಲೆಂಡಿನಲ್ಲಿ ಅದು ಗೊತ್ತಿಲ್ಲದವರು ಕಡಿಮೆ. ಸಂಗೀತ ಹೆನ್ರಿಕ್ ವಾರ್ಸ್, ಸಾಹಿತ್ಯ ಎಮಾನುವೆಲ್ ಶ್ಲೆಖ್ಟೆರ್. ನಿರ್ದೇಶನ ಲಿಯೋನ್ ತ್ರಿಸ್ತಾನ್. ಚಿತ್ರಕಥೆಯಲ್ಲಿ ಬೋದೊನದ್ದೂ ಪಾಲಿದೆ.

ಕಥೆ ಸರಳ. ಒಂದೇ ಕಟ್ಟಡದಲ್ಲಿ ಪೋಂಚೆಕ್ ಎಂಬ ಒಂದೇ ಅಡ್ಡಹೆಸರಿನ ಇಬ್ಬರು. ಕೆಳಗಿನವನು ಮನೆ ಮಾಲೀಕ, ಹಳೇ ಶಾಸ್ತ್ರೀಯ ಸಂಗೀತದ ಭಕ್ತ. ಮೇಲಿನವನು ಬಾಡಿಗೆಗಿರುವ ರೇಡಿಯೋ ಉದ್ಘೋಷಕ, ಜಾಜ್ ಹುಚ್ಚ. ಅವನೇ ಬೋದೊ. ಇಬ್ಬರಿಗೂ ಆಗಿಬರುವುದಿಲ್ಲ. ಮಾಲೀಕನ ಸೋದರ ಸಂಬಂಧಿ ಹುಡುಗಿ ಊರಿನಿಂದ ಬರುತ್ತಾಳೆ. ಹೆಸರು ಒಂದೇ ಆದ್ದರಿಂದ ತಪ್ಪು ಮನೆಗೆ ಹೋಗುತ್ತಾಳೆ. ಆ ಹುಡುಗಿ ಹೆಲೆನಾ ಗ್ರೊಸ್ಸೂವ್ನಾ. ಮುಂದಿನದು ನೀವೇ ಊಹಿಸಬಹುದು. ಆದರೆ ಹೇಗೆ ಮಾಡಿದ್ದಾರೆ ಅನ್ನುವುದು ಮುಖ್ಯ. ಬಾಗಿಲು, ಮೆಟ್ಟಿಲು, ಗೋಡೆಯಾಚೆಯ ಸದ್ದು, ಇಷ್ಟರಿಂದಲೇ ನಗು ಹುಟ್ಟುತ್ತದೆ. ಎಲ್ಲೂ ಎಳೆಯುವುದಿಲ್ಲ.

ಅದೇ ಚಿತ್ರದಲ್ಲಿ ಬೋದೊ ವೇಷ ಹಾಕುವ ಪಾರ್ಟಿಯಲ್ಲಿ ಹಾಲಿವುಡ್ ನಟಿ ಮೇ ವೆಸ್ಟ್ ಆಗಿ ಬರುತ್ತಾನೆ. ಗೌನು, ವಿಗ್ಗು, ಟೋಪಿ, ಸೊಂಟ ಬಳುಕಿಸುವ ನಡಿಗೆ. ಹೆಣ್ಣು ವೇಷದ ಗಂಡಸು ಅಂದರೆ ಸಾಮಾನ್ಯವಾಗಿ ಹೆಣ್ಣನ್ನು ಗೇಲಿ ಮಾಡುವುದೇ ಕೆಲಸ. ಬೋದೊ ಹಾಗೆ ಮಾಡುವುದಿಲ್ಲ. ಆ ನಟಿಯ ಗತ್ತನ್ನು ಆಸೆಪಟ್ಟು ತನ್ನ ಮೈಮೇಲೆ ತಂದುಕೊಳ್ಳುತ್ತಾನೆ. ಅವನ ನಟನೆಯಲ್ಲಿ ನನಗೆ ತುಂಬಾ ಇಷ್ಟವಾದ ನಿಮಿಷಗಳು ಇವೇ. ಯಕ್ಷಗಾನದ ಒಳ್ಳೆಯ ಸ್ತ್ರೀವೇಷ ನೋಡಿದವರಿಗೆ ನಾನು ಏನು ಹೇಳುತ್ತಿದ್ದೇನೆ ಅಂತ ತಕ್ಷಣ ಗೊತ್ತಾಗುತ್ತದೆ.

ಅವನ ನಟನೆ ಎಲ್ಲ ಕಡೆ ಒಂದೇ ಮಟ್ಟದ್ದಲ್ಲ. ಗಂಭೀರ ಪ್ರೇಮಕಥೆಗಳಲ್ಲಿ ಹುಬ್ಬು ಗಂಟಿಕ್ಕಿ, ಮೂಕಿ ಕಾಲದ ಹಾಗೆ ಕಣ್ಣು ಅಗಲಿಸುತ್ತಾನೆ. ಅಲ್ಲಿ ಅವನು ಅಷ್ಟಕ್ಕಷ್ಟೇ. ಹಗುರ ಚಿತ್ರಗಳಲ್ಲಿ ಮಾತ್ರ ಅವನಿಗೆ ಸಮಾನರು ಬಹಳ ಕಡಿಮೆ. 1934ರ 'ಚಿ ಲುತ್ಸಿನಾ ತೊ ಜ್ಯೆಫ್ಚಿನಾ' ನೋಡಿ. ನಾಯಕಿ ಯಾದ್ವಿಗಾ ಸ್ಮೊಸಾರ್ಸ್ಕಾ ಗಂಡು ವೇಷ ಹಾಕಿ ಕೆಲಸಕ್ಕೆ ಸೇರುತ್ತಾಳೆ. ಬೋದೊ ಅಲ್ಲಿ ಎಂಜಿನಿಯರ್. ಅವನು ಅವಳಿಗೆ ಜಾಗ ಬಿಟ್ಟುಕೊಡುವ ರೀತಿ ನೋಡಬೇಕು. ದೃಶ್ಯ ತನ್ನದಲ್ಲ ಅಂತ ಗೊತ್ತಾದರೆ ಸುಮ್ನೆ ಪಕ್ಕದಲ್ಲಿ ನಿಂತು ಕೇಳುತ್ತಾನೆ. ಎಲ್ಲ ಸ್ಟಾರುಗಳಿಗೂ ಇದು ಬರುವುದಿಲ್ಲ. 1938ರ 'ಪಾವೆವ್ ಇ ಗಾವೆವ್' ಚಿತ್ರದಲ್ಲಿ ದಿಮ್‌ಶಾ ಜೊತೆಗೂ ಹಾಗೆಯೇ. ಅಲ್ಲಿ ಇಬ್ಬರೂ ಸೇರಿ ಹಾಡುವ ಜೋಗುಳವನ್ನು ಪೋಲೆಂಡಿನ ಅಮ್ಮಂದಿರು ಇವತ್ತಿಗೂ ಮಕ್ಕಳನ್ನು ಮಲಗಿಸಲು ಹಾಡುತ್ತಾರೆ. ಸಿನಿಮಾದಿಂದ ಬಂದ ಹಾಡು ಅನ್ನುವುದೇ ಎಷ್ಟೋ ಜನಕ್ಕೆ ಗೊತ್ತಿರುವುದಿಲ್ಲ.

1938ರಲ್ಲಿ ನಿರ್ದೇಶನಕ್ಕೂ ಇಳಿದ. 'ಜಾ ವಿನಿ ನ್ಯೆಪೊಪೆವ್ನಿಯೊನೆ' ಮತ್ತು 'ಕ್ರುಲೊವಾ ಪ್ಶೆದ್‌ಮ್ಯೆಶ್ಚಾ' ಎರಡು ಚಿತ್ರ ಮಾಡಿದ. ಅದೇ ವರ್ಷದ 'ಸ್ತ್ರಾಹಿ' ಚಿತ್ರ ಬೇರೆಯದೇ ದಾರಿಯದು. ಕ್ಯಾಬರೆ ಹುಡುಗಿಯರ ಬಡತನ, ಭಯ, ಒಂಟಿತನದ ಕಥೆ. ಹೊಸ ಅಲೆಯ ಯುವ ನಿರ್ದೇಶಕರು ಮಾಡಿದ್ದು. ತಾನು ಇಪ್ಪತ್ತು ವರ್ಷ ಕುಣಿದ ಲೋಕದ ಹಿಂಬಾಗಿಲನ್ನು ತೋರಿಸುವ ಚಿತ್ರದಲ್ಲಿ ನಟಿಸಲು ಬೋದೊ ಒಪ್ಪಿಕೊಂಡ. ಯುದ್ಧ ಬರದೇ ಇದ್ದಿದ್ದರೆ ಅವನು ಈ ಕಡೆ ತಿರುಗುತ್ತಿದ್ದ ಅಂತ ನನಗೆ ಅನಿಸುತ್ತದೆ.

ಹೊರಗಿನಿಂದ ನೋಡಿದರೆ ಆಗ ಅವನಿಗೆ ಯಾವುದಕ್ಕೂ ಕೊರತೆ ಇರಲಿಲ್ಲ. ಚೆಂದದ ಉಡುಗೆಗೆ ಊರಿಗೆಲ್ಲ ಅವನೇ ಮಾದರಿ. 1939ರಲ್ಲಿ ವಾರ್ಸಾದ ನಡುಮಧ್ಯೆ 'ಕಫೆ ಬೋದೊ' ತೆರೆದ. ಕುಡಿತ ಮುಟ್ಟದ ಮನುಷ್ಯ ಅಂತ ಹೆಸರಿತ್ತು. ಸೆಪ್ಟೆಂಬರ್ 1ರಂದು ಜರ್ಮನಿ ಪೋಲೆಂಡಿನ ಮೇಲೆ ಬಿತ್ತು. ಸೆಪ್ಟೆಂಬರ್ 17ರಂದು ಪೂರ್ವದಿಂದ ಸೋವಿಯತ್ ಸೇನೆ ಒಳಗೆ ಬಂತು. ದೇಶ ಮತ್ತೆ ಎರಡು ಪಾಲಾಯಿತು.

ಬೋದೊ ಜರ್ಮನ್ನರ ಕೈಗೆ ಸಿಗದ ಹಾಗೆ ಪೂರ್ವಕ್ಕೆ ಓಡಿದ. ಲ್ವೂವ್ ನಗರ ಸೇರಿದ. ಈಗ ಅದು ಯುಕ್ರೇನಿನ ಲ್ವಿವ್. ಆಗ ಸೋವಿಯತ್ ಹಿಡಿತದಲ್ಲಿತ್ತು. ವಾರ್ಸಾದಿಂದ ಓಡಿಬಂದ ಕಲಾವಿದರು ಅಲ್ಲಿ ತುಂಬಿದ್ದರು. ಅದೇ ಹೆನ್ರಿಕ್ ವಾರ್ಸ್ ಅಲ್ಲಿ 'ತೇ-ಜಾಜ್' ಎಂಬ ವಾದ್ಯತಂಡ ಕಟ್ಟಿದ್ದ. ಬೋದೊ ಅದಕ್ಕೆ ಸೇರಿದ. ಸೋವಿಯತ್ ನಗರಗಳಲ್ಲೆಲ್ಲ ಕಾರ್ಯಕ್ರಮ ಕೊಟ್ಟರು. ರಷ್ಯನ್ ಭಾಷೆಯಲ್ಲಿ ಹಾಡಿದ, ರೆಕಾರ್ಡುಗಳೂ ಬಂದವು. ಲ್ವೂವ್ ಊರಿನ ಮೇಲೆ ವಾರ್ಸ್ ಯುದ್ಧಕ್ಕೆ ಮುಂಚೆ ಮಾಡಿದ್ದ ಜನಪ್ರಿಯ ಹಾಡಿನ ರಾಗಕ್ಕೆ ರಷ್ಯನ್ ಮಾತು ಹಾಕಿ ಹಾಡಿದ್ದು ಈಗಲೂ ಕೇಳಲು ಸಿಗುತ್ತದೆ. ಜೀವ ಉಳಿಸಿಕೊಳ್ಳಲು ಹಾಡುತ್ತಿದ್ದ ಕಾಲದ ದನಿ ಅದು. ಆದರೆ ಉಚ್ಚಾರ, ಲಯ ಎಲ್ಲೂ ಸಡಿಲವಾಗಿಲ್ಲ.

ಈಗ ಪಾಸ್‌ಪೋರ್ಟಿನ ವಿಷಯ. ಬೋದೊಗೆ ಅಲ್ಲಿಂದ ಅಮೆರಿಕಕ್ಕೆ ಹೋಗುವ ಆಸೆ ಇತ್ತು. ಅಪ್ಪನಿಂದ ಬಂದ ಸ್ವಿಸ್ ಪೌರತ್ವ ಇತ್ತಲ್ಲ, ಅದರ ಮೇಲೆ ದೇಶ ಬಿಡಲು ಅನುಮತಿ ಕೇಳಿದ. ತಟಸ್ಥ ದೇಶದ ಪಾಸ್‌ಪೋರ್ಟ್. ಯುದ್ಧದ ಕಾಲದಲ್ಲಿ ಅದಕ್ಕಿಂತ ಒಳ್ಳೆಯ ಕಾಗದ ಯಾವುದಿದೆ? ಆದರೆ ಸ್ಟಾಲಿನ್ ಕಾಲದ ರಹಸ್ಯ ಪೊಲೀಸರ ಲೆಕ್ಕವೇ ಬೇರೆ. ಹಲವು ಭಾಷೆ ಬಲ್ಲವನು, ದೇಶದೇಶ ಸುತ್ತಿದವನು, ವಿದೇಶಿ ಪಾಸ್‌ಪೋರ್ಟ್ ಇರುವವನು, ಹೊರಗೆ ಹೋಗಲು ಬಯಸುವವನು. ಅವರ ಕಣ್ಣಿಗೆ ಇದು ಗೂಢಚಾರನ ಚಿತ್ರ. 1941ರ ಜೂನ್ 22ರಂದು ಜರ್ಮನಿ ಸೋವಿಯತ್ ಒಕ್ಕೂಟದ ಮೇಲೆ ದಾಳಿ ಮಾಡಿತು. ನಾಲ್ಕು ದಿನ ಕಳೆದು, ಜೂನ್ 26ರಂದು, ಬೋದೊನನ್ನು ಬಂಧಿಸಿದರು. ರಷ್ಯಾದ ಉಫಾ ನಗರಕ್ಕೆ ಸಾಗಿಸಿದರು. ಆಮೇಲೆ ಮಾಸ್ಕೋದ ಬುತಿರ್ಕಾ ಜೈಲು.

ಬಂಧನದ ಮುಂದಿನ ತಿಂಗಳೇ ಒಂದು ದೊಡ್ಡ ಬದಲಾವಣೆ ಆಯಿತು. ಜುಲೈ 30ರಂದು ಲಂಡನ್ನಿನಲ್ಲಿದ್ದ ಪೋಲಿಷ್ ಸರ್ಕಾರ ಮತ್ತು ಸೋವಿಯತ್ ಸರ್ಕಾರ ಒಪ್ಪಂದ ಮಾಡಿಕೊಂಡವು. ಜೈಲು, ಕ್ಯಾಂಪುಗಳಲ್ಲಿದ್ದ ಪೋಲಿಷ್ ಪ್ರಜೆಗಳಿಗೆ ಕ್ಷಮಾದಾನ. ಬಿಡುಗಡೆಯಾದವರಲ್ಲಿ ಬಹಳ ಜನ ಅಲ್ಲೇ ಕಟ್ಟಿದ ಪೋಲಿಷ್ ಸೇನೆ, ಅಂದರೆ ಜನರಲ್ ಆಂದೆರ್ಸ್ ಸೇನೆ, ಸೇರಿದರು. 1942ರಲ್ಲಿ ಸೈನಿಕರು, ಹೆಂಗಸರು, ಮಕ್ಕಳು ಸೇರಿ ಒಂದು ಲಕ್ಷಕ್ಕೂ ಜಾಸ್ತಿ ಜನ ಇರಾನಿಗೆ ದಾಟಿದರು. ಬೋದೊನನ್ನೂ ಬಿಡಿ ಅಂತ ಪೋಲಿಷ್ ರಾಯಭಾರ ಕಚೇರಿ ಕೇಳಿತು. ಅವನು ಪೋಲಿಷ್ ಪ್ರಜೆ ಅಲ್ಲವಲ್ಲ, ಸ್ವಿಸ್ ತಾನೇ ಅಂತ ಉತ್ತರ ಬಂತು. ಹೊರಗೆ ಹೋಗಲು ಯಾವ ಕಾಗದ ತೋರಿಸಿದ್ದನೋ ಅದೇ ಕಾಗದ ಅವನನ್ನು ಒಳಗೆ ಉಳಿಸಿತು. ಕಾನೂನಿನ ಮಾತಿನಲ್ಲಿ ಅವರು ಹೇಳಿದ್ದು ತಪ್ಪಲ್ಲ. ನ್ಯಾಯದ ಮಾತಿನಲ್ಲಿ ಅದು ಅಕ್ಷಮ್ಯ. ಆಮೇಲೆ ವಿಚಾರಣೆಯ ಹೆಸರಿನಲ್ಲಿ ಕೋರ್ಟೂ ಇಲ್ಲದೆ, ರಹಸ್ಯ ಪೊಲೀಸರ ವಿಶೇಷ ಮಂಡಳಿ ಅವನನ್ನು 'ಸಮಾಜಕ್ಕೆ ಅಪಾಯಕಾರಿ ವ್ಯಕ್ತಿ' ಅಂತ ಕರೆದು ಐದು ವರ್ಷ ಕ್ಯಾಂಪಿಗೆ ಹಾಕಿತು. ಜೈಲಿನಲ್ಲೇ ಅವನ ಮೈ ಸೋತಿತ್ತು. ಕೋತ್ಲಾಸ್ ತಲುಪಿದ ಮೇಲೆ ಹೆಚ್ಚು ದಿನ ಬದುಕಲಿಲ್ಲ.

ಭಾರತಕ್ಕೆ ಈ ಕಥೆಯ ಜೊತೆ ಒಂದು ನಿಜವಾದ ನಂಟಿದೆ. ಅದೇ ಕ್ಷಮಾದಾನದಲ್ಲಿ ಬಿಡುಗಡೆಯಾದ ಪೋಲಿಷ್ ಕುಟುಂಬಗಳಲ್ಲಿ ಒಂದಷ್ಟು ಭಾರತಕ್ಕೆ ಬಂದವು. ಗುಜರಾತಿನ ಜಾಮ್‌ನಗರದ ಹತ್ತಿರ ಬಾಲಾಚಡಿಯಲ್ಲಿ ನೂರಾರು ಮಕ್ಕಳಿಗೆ ಅಲ್ಲಿನ ಮಹಾರಾಜರು ಆಸರೆ ಕೊಟ್ಟರು. ನಮ್ಮ ಬೆಳಗಾವಿಗೆ ದೂರವಲ್ಲದ ಕೊಲ್ಲಾಪುರದ ವಳಿವಡೆಯಲ್ಲಿ ಸುಮಾರು 5,000 ಪೋಲಿಷರು 1943ರಿಂದ 1948ರವರೆಗೆ ಇದ್ದರು. ಬೋದೊ ಜೊತೆ ವಾರ್ಸಾದ ವೇದಿಕೆಗಳಲ್ಲಿ ಬೆಳೆದ ಆ ಗಾಯಕಿ ಹಾಂಕಾ ಓರ್ದೊನೂವ್ನಾ ಕೂಡ ಸೋವಿಯತ್ ಸೆರೆಯಲ್ಲಿದ್ದವಳೇ. ಬಿಡುಗಡೆಯಾದ ಮೇಲೆ ಅನಾಥ ಪೋಲಿಷ್ ಮಕ್ಕಳನ್ನು ನೋಡಿಕೊಳ್ಳುವ ಕೆಲಸಕ್ಕೆ ನಿಂತಳು. ಅವರ ಜೊತೆಯಲ್ಲೇ 1942ರಲ್ಲಿ ಬೊಂಬಾಯಿಗೆ ಬಂದಳು. ಅವಳಿಗೆ ಆ ದಾರಿ ತೆರೆದಿದ್ದು ಅವಳು ಪೋಲಿಷ್ ಪ್ರಜೆ ಎಂಬ ಒಂದೇ ಕಾರಣಕ್ಕೆ.

ಉಳಿದವರ ಗತಿಯನ್ನೂ ಹೇಳಬೇಕು. ಆ ಚಿತ್ರರಂಗವನ್ನು ಕಟ್ಟಿದವರಲ್ಲಿ ಬಹಳ ಜನ ಯಹೂದಿಗಳು. ಬೋದೊಗೆ ಮೊದಲ ಅವಕಾಶ ಕೊಟ್ಟ ಶಾರೊನನ್ನು 1942ರಲ್ಲಿ ವಾರ್ಸಾದ ಗೆಟ್ಟೊದಲ್ಲಿ, ಅಂದರೆ ಯಹೂದಿಗಳನ್ನು ಕೂಡಿಹಾಕಿದ್ದ ಬಡಾವಣೆಯಲ್ಲಿ, ಜರ್ಮನ್ನರು ಕೊಂದರು. ಆ ಲವಲವಿಕೆಯ ಹಾಡು ಬರೆದ ಶ್ಲೆಖ್ಟೆರ್ ಲ್ವೂವ್‌ನಲ್ಲಿ ನಾಜಿಗಳಿಗೆ ಬಲಿಯಾದ. ತ್ರಿಸ್ತಾನ್ 1941ರಲ್ಲಿ ಓಡುವ ದಾರಿಯಲ್ಲೇ ಸತ್ತ. ವಾರ್ಸ್ ಮತ್ತು ವಾಶಿನ್‌ಸ್ಕಿ ಆಂದೆರ್ಸ್ ಸೇನೆಯ ಜೊತೆ ಪಾರಾದರು. ವಾರ್ಸ್ ಅಮೆರಿಕಕ್ಕೆ ಹೋಗಿ ಹೆನ್ರಿ ವಾರ್ಸ್ ಎಂಬ ಹೆಸರಿನಲ್ಲಿ 'ಫ್ಲಿಪರ್' ಎಂಬ ಡಾಲ್ಫಿನ್ ಚಿತ್ರಕ್ಕೆ ಸಂಗೀತ ಕೊಟ್ಟ. ಗ್ರೊಸ್ಸೂವ್ನಾ ಜರ್ಮನ್ನರ ವಿರುದ್ಧದ 1944ರ ವಾರ್ಸಾ ದಂಗೆಯಲ್ಲಿ ಬಂದೂಕು ಹಿಡಿದವರ ಜೊತೆಗಿದ್ದಳು, ಸೆರೆ ಸಿಕ್ಕಳು, ಬದುಕಿ ಬಂದಳು. ದಿಮ್‌ಶಾ ಜರ್ಮನ್ನರ ಆಳ್ವಿಕೆಯಲ್ಲೂ ವಾರ್ಸಾದ ವೇದಿಕೆಗಳಲ್ಲಿ ನಟಿಸಿದ. ಅದಕ್ಕೆ ಯುದ್ಧದ ನಂತರ ಕೆಲ ಕಾಲ ಶಿಕ್ಷೆ ಅನುಭವಿಸಬೇಕಾಯಿತು.

ಇನ್ನು ಆ ಸುಳ್ಳು. 1945ರ ನಂತರ ಪೋಲೆಂಡಿನಲ್ಲಿ ಸೋವಿಯತ್ ಬೆಂಬಲದ ಸರ್ಕಾರ ಇತ್ತು. ದೇಶದ ಅಚ್ಚುಮೆಚ್ಚಿನ ನಟ ಸೋವಿಯತ್ ಕ್ಯಾಂಪಿನಲ್ಲಿ ಹಸಿದು ಸತ್ತ ಅಂತ ಅಚ್ಚು ಹಾಕುವ ಹಾಗೇ ಇರಲಿಲ್ಲ. 1941ರಲ್ಲಿ ಲ್ವೂವ್‌ನಲ್ಲಿ ಜರ್ಮನ್ನರು ಕೊಂದರು ಅಂತ ಬರೆದರು. ನಂಬುವುದೂ ಸುಲಭವಾಗಿತ್ತು, ಏಕೆಂದರೆ ಆ ವರ್ಷ ಆ ಊರಿನಲ್ಲಿ ಜರ್ಮನ್ನರು ಪೋಲಿಷ್ ಪ್ರೊಫೆಸರುಗಳನ್ನು ನಿಜವಾಗಿಯೂ ಗುಂಡಿಟ್ಟು ಕೊಂದಿದ್ದರು. ಅದೇ ಮಾತು ಒಂದು ಪುಸ್ತಕದಿಂದ ಇನ್ನೊಂದಕ್ಕೆ ಹೋಯಿತು. ಇಂಟರ್ನೆಟ್ಟಿನಲ್ಲಿ ನಿಮಗೆ ಸಿಕ್ಕಿದ್ದು ಅದರ ಉಳಿಕೆ. ಸೋವಿಯತ್ ಒಕ್ಕೂಟ ಮುರಿದುಬಿದ್ದ ಮೇಲೆ, 1990ರ ದಶಕದಲ್ಲಿ, ಕಡತಗಳು ಹೊರಬಂದವು. ಬಂಧನ, ಶಿಕ್ಷೆ, ಸಾವಿನ ದಿನ ಎಲ್ಲವೂ ಅವುಗಳಲ್ಲಿತ್ತು. ಜೈಲಿನಲ್ಲಿ ಅವನ ಜೊತೆಗಿದ್ದ ರಷ್ಯನ್ ಸಂಗೀತಗಾರ ಅಲ್ಫ್ರೆದ್ ಮಿರೆಕ್ ತಾನು ಕಂಡ ಬೋದೊನ ಬಗ್ಗೆ ಬರೆದ. 1997ರಲ್ಲಿ ಸ್ತಾನಿಸ್ವಾವ್ ಯಾನಿತ್ಸ್ಕಿ ಒಂದು ಸಾಕ್ಷ್ಯಚಿತ್ರ ಮಾಡಿದರು. 2011ರಲ್ಲಿ ಕೋತ್ಲಾಸ್‌ನಲ್ಲಿ ಅವನ ಹೆಸರಿನ ಒಂದು ಸ್ಮಾರಕ ಸಮಾಧಿ ಆಯಿತು. 2016ರಲ್ಲಿ ಪೋಲಿಷ್ ಟಿವಿ ಅವನ ಬದುಕಿನ ಮೇಲೆ ಧಾರಾವಾಹಿ ಮಾಡಿತು. ಧಾರಾವಾಹಿಯ ಎಲ್ಲ ಪ್ರೇಮಪ್ರಸಂಗಗಳನ್ನೂ ಇತಿಹಾಸ ಅಂದುಕೊಳ್ಳಬೇಡಿ.

ನೋಡಲು ಶುರು ಮಾಡುವುದಾದರೆ 'ಪ್ಯೆಂತ್ರೊ ವಿಜೆಯ್' ಮೊದಲು. ಆಮೇಲೆ ಸ್ಮೊಸಾರ್ಸ್ಕಾ ಜೊತೆಗಿನ ಚಿತ್ರ. ಆಮೇಲೆ 'ಪಾವೆವ್ ಇ ಗಾವೆವ್', ಅದರಲ್ಲೂ ಜೋಗುಳದ ಭಾಗ. ಭಾಷೆ ಬರದಿದ್ದರೂ ನಗು ಅರ್ಥವಾಗುತ್ತದೆ. ಸಬ್‌ಟೈಟಲ್ ಸಿಕ್ಕರೆ ಮಾತಿನ ಚುರುಕೂ ಸಿಗುತ್ತದೆ. 'ಸ್ತ್ರಾಹಿ' ಕೊನೆಗಿರಲಿ. ಅದಕ್ಕೂ ಮುಂಚೆ ಅವನ ಎರಡು ಮೂರು ಹಗುರ ಚಿತ್ರ ನೋಡಿದ್ದರೆ, ಈ ಮನುಷ್ಯ ನಗಿಸುವುದನ್ನು ಬಿಟ್ಟು ಇನ್ನೇನು ಮಾಡಬಲ್ಲವನಾಗಿದ್ದ ಅನ್ನುವುದು ಅಲ್ಲಿ ಚೆನ್ನಾಗಿ ಗೊತ್ತಾಗುತ್ತದೆ.